ವಿಕಾಸಕ್ಕೆ ರಿವರ್ಸ್ ಗೇರ್ ಇದೆಯೇ? ಬಿ.ಜಿ.ಎಲ್. ಸ್ವಾಮಿ ಮತ್ತು ಕೊಳವೆಯಿಲ್ಲದ ಗಿಡ

ಮಂಗನಿಂದ ಮಾನವ ಬಂದಿದ್ದರೆ ಈಗಿನ ಮಂಗಗಳೇಕೆ ಮನುಷ್ಯರಾಗುತ್ತಿಲ್ಲ? ವಾಟ್ಸಾಪ್‌ನಲ್ಲಿ ಆಗಾಗ ಸುತ್ತುವ ಪ್ರಶ್ನೆ ಇದು. ವಿಕಾಸ ಎಂದರೆ ಏಣಿ, ಎಲ್ಲ ಜೀವಿಗಳೂ ಅದನ್ನು ಹತ್ತುತ್ತಲೇ ಇರಬೇಕು ಎಂಬ ತಪ್ಪು ಕಲ್ಪನೆ ಇದರ ಬೇರು. ಅದನ್ನು ಬಿಡಿಸಿಕೊಳ್ಳಲು ಕನ್ನಡದ ಸಸ್ಯವಿಜ್ಞಾನಿಯೊಬ್ಬರ ಬದುಕು ನೆರವಾಗುತ್ತದೆ.

ಯಾರು ಈ ಸ್ವಾಮಿ?

ಬಿ.ಜಿ.ಎಲ್. ಸ್ವಾಮಿ ಹುಟ್ಟಿದ್ದು 1918ರಲ್ಲಿ. ಕವಿ ಡಿ.ವಿ.ಜಿ.ಯವರ ಮಗ. ಬೆಂಗಳೂರಿನ ಸೆಂಟ್ರಲ್ ಕಾಲೇಜಿನಲ್ಲಿ ಓದಿದರು. ಮುಂದೆ ಅಮೆರಿಕದ ಹಾರ್ವರ್ಡ್‌ಗೆ ಹೋಗಿ, ಮರದ ಒಳರಚನೆಯ ತಜ್ಞ ಇರ್ವಿಂಗ್ ಬೈಲಿ ಜೊತೆ ಸಂಶೋಧನೆ ಮಾಡಿದರು. ಮದ್ರಾಸಿನ ಪ್ರೆಸಿಡೆನ್ಸಿ ಕಾಲೇಜಿನಲ್ಲಿ ಪ್ರಾಧ್ಯಾಪಕರಾಗಿ, ಪ್ರಾಂಶುಪಾಲರೂ ಆದರು. ಕಾಡಿನ ಗಿಡಗಳ ಬಗ್ಗೆ ಬರೆದ ‘ಹಸುರು ಹೊನ್ನು’ ಕೃತಿಗೆ 1978ರ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಬಂತು. ನಿವೃತ್ತಿಯ ನಂತರ ಮೈಸೂರು ವಿಶ್ವವಿದ್ಯಾಲಯದಲ್ಲೂ ಕೆಲಸ ಮಾಡಿದರು. 1980ರಲ್ಲಿ ತೀರಿಕೊಂಡರು.

ಅವರು ಕಂಡದ್ದೇನು?

ಹೂಬಿಡುವ ಬಹುತೇಕ ಗಿಡಗಳ ಕಾಂಡದಲ್ಲಿ ನೀರು ಏರಲು ಉದ್ದನೆಯ ಕೊಳವೆಗಳಿರುತ್ತವೆ. ಪೈನ್‌ನಂಥ ಮರಗಳಲ್ಲಿ ಅವು ಇಲ್ಲ. ತುದಿ ಮುಚ್ಚಿದ ‘ಟ್ರೇಕಿಡ್’ ಕೋಶಗಳೇ ಆ ಕೆಲಸ ಮಾಡುತ್ತವೆ. 1950ರಲ್ಲಿ ಸ್ವಾಮಿ ಮತ್ತು ಬೈಲಿ ಒಂದು ಅಚ್ಚರಿ ಪ್ರಕಟಿಸಿದರು: ಸಾರ್ಕ್ಯಾಂಡ್ರ ಹೂಬಿಡುವ ಗಿಡ, ಆದರೂ ಅದರಲ್ಲಿ ಕೊಳವೆಗಳಿಲ್ಲ. ಇದರ ಒಂದು ಪ್ರಭೇದಕ್ಕೆ ಸ್ವಾಮಿ ತಮ್ಮ ಗುರು ಬೈಲಿಯ ಹೆಸರನ್ನೇ ಇಟ್ಟರು.

ಟ್ರೇಕಿಡ್‌ನಿಂದ ಕೊಳವೆಗೆ ಹೋಗುವುದು ಒಮ್ಮುಖ ದಾರಿ ಎಂದು ಬೈಲಿ ನಂಬಿದ್ದರು. ಹಾಗಾಗಿ ಕೊಳವೆಯಿಲ್ಲದ ಗಿಡ ಎಂದರೆ ಪುರಾತನ ಸ್ಥಿತಿ ಉಳಿಸಿಕೊಂಡ ಗಿಡ ಎಂದಾಯಿತು.

ಕಥೆ ತಿರುಗಿದ್ದು ಎಲ್ಲಿ?

ಸ್ವಾಮಿ ತೀರಿಕೊಂಡ ಏಳು ವರ್ಷಗಳ ನಂತರ, 1987ರಲ್ಲಿ, ಶರ್ವಿನ್ ಕಾರ್ಲ್‌ಕ್ವಿಸ್ಟ್ ಸಾರ್ಕ್ಯಾಂಡ್ರದ ಬೇರಿನಲ್ಲಿ ಕೊಳವೆಗಳಿರುವುದನ್ನು ವರದಿ ಮಾಡಿದರು. ಟ್ರೋಕೋಡೆಂಡ್ರಾನ್ ಎಂಬ ಮರ ಇನ್ನೊಂದು ಪ್ರಶ್ನೆ ಎತ್ತಿತು. ಕೊಳವೆಯಿಲ್ಲದ ಮರವೆಂದೇ ಹೆಸರಾದ ಅದು, ವಂಶವೃಕ್ಷದಲ್ಲಿ ಕೊಳವೆಯಿರುವ ಬಂಧುಗಳ ನಡುವೆ ಕೂತಿದೆ. ಅಂದರೆ ಅದರ ಪೂರ್ವಜರು ಇದ್ದುದನ್ನು ಕಳೆದುಕೊಂಡಿರಬೇಕು. ಒಮ್ಮುಖ ದಾರಿ ಎಂಬ ನಂಬಿಕೆ ಅಲುಗಾಡಿತು. ಇದರಿಂದ ಸ್ವಾಮಿ ಸಣ್ಣವರಾಗಲಿಲ್ಲ. ಅವರು ತೋರಿಸಿಕೊಟ್ಟಿದ್ದರಿಂದಲೇ ಬೇರೆಯವರು ಮತ್ತೆ ನೋಡಿದರು.

ಮೂರು ಪದ ನೆನಪಿಡಿ

• ವಿಕಾಸ: ಅರಳುವುದು ಎಂಬ ಅರ್ಥವಿರುವುದರಿಂದ ಪ್ರಗತಿ ಎಂದು ಕೇಳಿಸುತ್ತದೆ. ಜೀವವಿಜ್ಞಾನದಲ್ಲಿ ಇದರರ್ಥ ತಲೆಮಾರುಗಳಲ್ಲಿ ಆಗುವ ಬದಲಾವಣೆ, ಅಷ್ಟೇ.

• ಹಿಮ್ಮರಳಿಕೆ: ಬಂದ ಗುಣ ಹೋಗುವುದು, ಹಳೆಯ ನೆಲೆಗೆ ಮರಳುವುದು. ಕೆರೆಯ ತಾವರೆಯ ಪೂರ್ವಜರು ನೆಲದ ಗಿಡಗಳು. ಕಾವೇರಿಯ ನೀರುನಾಯಿಯ ಪೂರ್ವಜರು ನೆಲದ ಪ್ರಾಣಿಗಳು. ಆದರೆ ನೀರಿಗೆ ಮರಳಿದ ಮಾತ್ರಕ್ಕೆ ನೀರುನಾಯಿ ಮೀನಾಗಲಿಲ್ಲ. ಉಸಿರಿಗೆ ಮೇಲೆ ಬರಲೇಬೇಕು.

• ಸಹವಿಕಾಸ: ಎರಡು ಜೀವಿಗಳು ಪರಸ್ಪರ ಬದಲಾಯಿಸುವುದು. ತಿ. ನರಸೀಪುರದಲ್ಲಿ ಕಾವೇರಿ ಕಪಿಲೆಯರು ಕೂಡುವ ದಡಕ್ಕೆ ಹೋದರೆ ಅರಳಿಮರ ನೋಡಿ. ಅದರ ಕಾಯೊಳಗೆ ಹೂವು, ಆ ಹೂವಿಗೆ ಪರಾಗ ತರಲು ಒಂದು ಪುಟ್ಟ ಕಣಜ. ಕಣಜ ಮೊಟ್ಟೆಯಿಡುವುದೂ ಅಲ್ಲೇ.

ಹಾಗಾದರೆ ಮಂಗಗಳು?

ಮನುಷ್ಯ ಈಗಿನ ಮಂಗಗಳಿಂದ ಬಂದವನಲ್ಲ. ಇಬ್ಬರಿಗೂ ಒಬ್ಬನೇ ಪೂರ್ವಜ. ಮಂಗ ಕೆಳಮೆಟ್ಟಿಲಲ್ಲಿ ಕಾಯುತ್ತಿಲ್ಲ, ಇನ್ನೊಂದು ಕೊಂಬೆಯಲ್ಲಿದೆ. ಆ ಫಾರ್ವರ್ಡ್ ಮತ್ತೆ ಬಂದರೆ ಈ ಉತ್ತರವನ್ನೂ ಜೊತೆಗೆ ಕಳಿಸಿ.