ಕ್ರಿಸ್ಟಿ ಮ್ಯಾಥ್ಯುಸನ್ ಎಂಬ ಚೆಂಡಾಟಗಾರನ ಚರಿತ್ರೆ

ಬೋಧಕರ ಮತ್ತು ಹತಸಾಕ್ಷಿಗಳ ಚರಿತ್ರೆಗಳನ್ನು ಓದುವ ರೂಢಿಯುಳ್ಳ ನಮಗೆ, ಸಂಬಳಕ್ಕಾಗಿ ಚೆಂಡಾಡಿದವನೊಬ್ಬನ ಚರಿತ್ರೆಯಿಂದ ಏನು ಲಾಭವೆಂದು ಕೆಲವರಿಗೆ ತೋರಬಹುದು. ಆದರೆ ನಮ್ಮಲ್ಲಿ ಬಹು ಮಂದಿ ಬೋಧಕರಲ್ಲ; ಹೊಲದಲ್ಲಿಯೂ ಮಗ್ಗದಲ್ಲಿಯೂ ಸಂತೆಯಲ್ಲಿಯೂ ನಾನಾ ತರದ ಜನರ ನಡುವೆ ದುಡಿದು ಹೊಟ್ಟೆ ಹೊರೆಯುವವರು. ಸುತ್ತಲಿನವರು ಬೇರೆ ದಾರಿ ಹಿಡಿದಿರುವಾಗ ಒಬ್ಬನು ತಾನು ಕೊಟ್ಟ ಮಾತನ್ನು ಕಾಪಾಡಿಕೊಳ್ಳುವದು ಸಾಧ್ಯವೋ ಎಂಬ ಪ್ರಶ್ನೆಯು ಇಂಥವರಿಗೆ ದಿನಾಲು ಎದುರಾಗುತ್ತದೆ. ಆದದರಿಂದ ಈ ಚರಿತ್ರೆಯನ್ನು ಬರೆಯುತ್ತೇವೆ.

ಕ್ರಿಸ್ಟಿ ಮ್ಯಾಥ್ಯುಸನ್ನನು ೧೮೮೦ನೆಯ ಇಸವಿ ಆಗಸ್ಟ್ ೧೨ರಂದು ಅಮೇರಿಕ ದೇಶದ ಪೆನ್ಸಿಲ್ವೇನಿಯ ಸಂಸ್ಥಾನಕ್ಕೆ ಸೇರಿದ ಫ್ಯಾಕ್ಟರಿವಿಲ್ ಎಂಬ ಸಣ್ಣ ಊರಿನಲ್ಲಿ ಹುಟ್ಟಿದನು. ತಾಯಿಯಾದ ಮಿನರ್ವಳು ಭಕ್ತಿಯುಳ್ಳ ಸ್ತ್ರೀ. ಮಗನು ದೇವಸೇವೆಗೆ ಸೇರಬೇಕೆಂಬದು ಆಕೆಯ ಆಶೆಯಾಗಿತ್ತು. ಮಗನು ಊರಿನ ಶಾಲೆಯನ್ನು ಮುಗಿಸಿ, ಬ್ಯಾಪ್ಟಿಸ್ಟರಿಂದ ಸ್ಥಾಪಿತವಾದ ಬಕ್ನೆಲ್ ಎಂಬ ದೊಡ್ಡ ವಿದ್ಯಾಲಯಕ್ಕೆ ೧೮೯೮ರಲ್ಲಿ ಹೋಗಿ, ಪಾಠದಲ್ಲಿಯೂ ಹಾಡಿನಲ್ಲಿಯೂ ಆಟದಲ್ಲಿಯೂ ಮುಂದಾಗಿ ತನ್ನ ತರಗತಿಗೆ ಅಧ್ಯಕ್ಷನಾಗಿ ಆರಿಸಲ್ಪಟ್ಟನು. ಆದರೆ ಅವನ ಮನಸ್ಸು ಬೋಧಕನ ಪೀಠಕ್ಕಿಂತ ಚೆಂಡಿನ ಮೈದಾನದ ಕಡೆಗೆ ಹೆಚ್ಚಾಗಿ ಎಳೆಯಿತು. ತಾಯಿಯು ಮಗನನ್ನು ತಡೆಯಲಿಲ್ಲ. ಆದರೆ ಆದಿತ್ಯವಾರದಲ್ಲಿ ಆಡುವದಿಲ್ಲವೆಂದು ಅವನು ಆಕೆಗೆ ಮಾತು ಕೊಟ್ಟನು.

ಆ ಆಟಕ್ಕೆ ಬೇಸ್‌ಬಾಲ್ ಎಂದು ಹೆಸರು. ಒಂದೊಂದು ಪಕ್ಷದಲ್ಲಿ ಒಂಬತ್ತು ಮಂದಿ ಇರುವರು. ಒಬ್ಬನು ಅರುವತ್ತು ಅಡಿ ಆರು ಅಂಗುಲ ದೂರದಿಂದ ಚೆಂಡನ್ನು ಬಲವಾಗಿ ಎಸೆಯಲು, ಎದುರು ಪಕ್ಷದವನು ದುಂಡಾದ ದಾಂಡಿನಿಂದ ಅದನ್ನು ಹೊಡೆದು ಓಡಬೇಕು. ಚೌಕವಾಗಿ ಇಟ್ಟ ನಾಲ್ಕು ಮೂಲೆಗಳನ್ನು ಸುತ್ತಿ ಬಂದರೆ ಒಂದು ಓಟ. ಒಂಬತ್ತು ಸರದಿಗಳಲ್ಲಿ ಯಾರಿಗೆ ಓಟ ಹೆಚ್ಚೋ ಅವರಿಗೆ ಜಯ. ಆದಕಾರಣ ಎಲ್ಲಾ ಭಾರವು ಚೆಂಡೆಸೆಯುವವನ ಮೇಲೆ ಬೀಳುತ್ತದೆ. ಆ ಕಾಲದಲ್ಲಿ ಈ ಕಸುಬಿನವರಿಗೆ ಒಳ್ಳೆಯ ಹೆಸರಿರಲಿಲ್ಲ. ಕುಡಿಕತನ, ಬೈಗಳು, ಹೊಡೆದಾಟ ಇವು ಅವರಲ್ಲಿ ಸಾಮಾನ್ಯವಾಗಿದ್ದವು. ಮೈದಾನದ ಸುತ್ತಲೂ ಹಣವನ್ನು ಪಣವಾಗಿ ಕಟ್ಟುವ ಜೂಜುಗಾರರು ಹದ್ದುಗಳಂತೆ ಕಾದಿರುತ್ತಿದ್ದರು.

ಇಂಥವರ ನಡುವೆ ಮ್ಯಾಥ್ಯುಸನ್ನನು ೧೯೦೦ರಲ್ಲಿ ನ್ಯೂಯಾರ್ಕ್ ಪಟ್ಟಣದ ಜೈಂಟ್ಸ್ ಎಂಬ ತಂಡಕ್ಕೆ ಸೇರಿದನು. ೧೯೦೨ರಲ್ಲಿ ಜಾನ್ ಮೆಗ್ರಾ ಎಂಬವನು ಆ ತಂಡಕ್ಕೆ ನಾಯಕನಾಗಿ ಬಂದನು. ಅವನು ಕುಳ್ಳನು, ಮುಂಗೋಪಿ, ತೀರ್ಪುಗಾರರನ್ನು ಬಾಯಿಗೆ ಬಂದಂತೆ ಬೈಯುವವನು. ಮ್ಯಾಥ್ಯುಸನ್ನನು ಎತ್ತರದವನು, ಮೃದುವಾಗಿ ಮಾತಾಡುವವನು. ಆದರೂ ಇವರಿಬ್ಬರಲ್ಲಿ ಗಾಢವಾದ ಸ್ನೇಹವುಂಟಾಯಿತು. ೧೯೦೩ರಲ್ಲಿ ಮ್ಯಾಥ್ಯುಸನ್ನನು ಜೇನ್ ಸ್ಟೌಟನ್ ಎಂಬವಳನ್ನು ಮದುವೆಯಾದ ಮೇಲೆ ಎರಡು ಕುಟುಂಬಗಳೂ ಒಂದೇ ಮನೆಯಲ್ಲಿ ವಾಸಿಸಿದವು.

ನ್ಯೂಯಾರ್ಕಿನಲ್ಲಿಯೂ ಫಿಲಡೆಲ್ಫಿಯದಲ್ಲಿಯೂ ಆದಿತ್ಯವಾರದ ಆಟವನ್ನು ಆ ಕಾಲದಲ್ಲಿ ಕಾಯಿದೆಯೇ ತಡೆದಿತ್ತು. ಆದರೆ ಶಿಕಾಗೊ, ಸೇಂಟ್ ಲೂಯಿ, ಸಿನ್ಸಿನಾಟಿ ಎಂಬ ಪಟ್ಟಣಗಳಲ್ಲಿ ಆ ದಿನವೇ ಜನರು ಹೆಚ್ಚಾಗಿ ಕೂಡುತ್ತಿದ್ದರು. ಜೈಂಟ್ಸ್ ತಂಡವು ಅಲ್ಲಿಗೆ ಹೋದಾಗ ಆದಿತ್ಯವಾರದಲ್ಲಿ ಚೆಂಡೆಸೆಯುವ ಕೆಲಸವು ಬೇರೊಬ್ಬನಿಗೆ ಬೀಳುತ್ತಿತ್ತು. ಆಟದಲ್ಲಿ ಅಷ್ಟು ಬೇಕಾದವನು ಹೀಗೆ ಬಿಡುವದು ಸಣ್ಣ ಮಾತಲ್ಲವೆಂದು ನಾವು ತಿಳಿಯಬೇಕು.

ಈಗ ೧೯೦೫ನೆಯ ವರುಷದ ಸಂಗತಿಗೆ ಬರೋಣ. ಅದಕ್ಕೆ ಹಿಂದಿನ ವರುಷ ಜೈಂಟ್ಸ್ ತಂಡದವರು ತಮ್ಮ ಒಕ್ಕೂಟದಲ್ಲಿ ೧೦೬ ಪಂದ್ಯಗಳನ್ನು ಗೆದ್ದು ಮೊದಲಿಗರಾದರೂ, ಇನ್ನೊಂದು ಒಕ್ಕೂಟದ ಮೊದಲಿಗರ ಸಂಗಡ ಆಡಲು ಒಪ್ಪಲಿಲ್ಲ. ಇದನ್ನು ಜನರು ಬಹಳವಾಗಿ ದೂರಿದರು. ೧೯೦೫ರ ಆರಂಭವಾದರೋ ಒಳ್ಳೆಯದಾಗಿರಲಿಲ್ಲ. ಪಿಟ್ಸ್‌ಬರ್ಗ್ ತಂಡದ ಒಡೆಯನನ್ನು ಬಹಿರಂಗವಾಗಿ ನಿಂದಿಸಿದ್ದಕ್ಕಾಗಿ ಮೆಗ್ರಾನಿಗೆ ದಂಡ ವಿಧಿಸಲ್ಪಟ್ಟು, ಆ ಜಗಳವು ಕೋರ್ಟಿನ ತನಕ ಹೋಯಿತು. ಮ್ಯಾಥ್ಯುಸನ್ನನು ಕೂಡಾ ಆ ಬೆಂಕಿಯ ಕಿಡಿಯಿಂದ ತಪ್ಪಿಸಿಕೊಳ್ಳಲಿಲ್ಲ. ಏಪ್ರಿಲ್ ತಿಂಗಳಲ್ಲಿ ಫಿಲಡೆಲ್ಫಿಯದ ಮೈದಾನದಲ್ಲಿ ಗಲಿಬಿಲಿಯಾದಾಗ, ಪಾನಕ ಮಾರುವ ಹುಡುಗನೊಬ್ಬನು ಜೈಂಟ್ಸ್ ಆಟಗಾರನನ್ನು ಹೀಯಾಳಿಸಲು, ಇವನು ಸಿಟ್ಟಿನಿಂದ ಆ ಹುಡುಗನ ಬಾಯಿಗೆ ಹೊಡೆದು ತುಟಿಯನ್ನು ಒಡೆದನು. ಈ ಸಂಗತಿಯನ್ನು ನಾವು ಮುಚ್ಚುವದಿಲ್ಲ. ಒಂದು ಮಾತನ್ನು ಕಾಪಾಡುವವನು ಎಲ್ಲಾ ಮಾತಿನಲ್ಲಿಯೂ ನಿರ್ದೋಷಿಯೆಂದು ಎಣಿಸಬಾರದು.

ಆ ವರುಷ ಅವನ ಕೈಗೆ ಬಂದ ಜಯಗಳು ೩೧. ಜೂನ್ ೧೩ರಂದು ಶಿಕಾಗೊದ ಒಬ್ಬ ದಾಂಡಿಗನಾದರೂ ಅವನ ಚೆಂಡನ್ನು ಸರಿಯಾಗಿ ಹೊಡೆದು ಮೊದಲನೆಯ ಮೂಲೆಗೆ ಸೇರದಂತೆ ಪೂರಾ ಪಂದ್ಯವನ್ನು ನಡಿಸಿ, ೧ ಓಟದಿಂದ ಗೆದ್ದನು. ದಾಂಡಿಗನ ಹತ್ತಿರ ಬಂದು ಥಟ್ಟನೆ ಇಳಿದು ಓರೆಯಾಗಿ ಸರಿಯುವ ಒಂದು ವಿಧದ ಎಸೆತವು ಅವನಿಗೆ ಗೊತ್ತಿತ್ತು. ಅದರಿಂದ ತೋಳು ಬಹಳವಾಗಿ ನೋಯುವ ಕಾರಣ, ಒಂದು ಪಂದ್ಯದಲ್ಲಿ ಕೆಲವೇ ಸಲ, ಅಗತ್ಯವಾದಾಗ ಮಾತ್ರ ಅದನ್ನು ಎಸೆಯುತ್ತಿದ್ದನು. ತಂಡವು ೧೦೫ ಪಂದ್ಯಗಳನ್ನು ಗೆದ್ದು ೪೮ನ್ನು ಸೋತು, ಪಿಟ್ಸ್‌ಬರ್ಗಿನವರನ್ನು ಒಂಬತ್ತು ಪಂದ್ಯಗಳಷ್ಟು ಹಿಂದೆ ಹಾಕಿತು.

ಈ ಸಾರಿ ಇನ್ನೊಂದು ಒಕ್ಕೂಟದ ಮೊದಲಿಗರಾದ ಫಿಲಡೆಲ್ಫಿಯದ ಅಥ್ಲೆಟಿಕ್ಸ್ ತಂಡದವರ ಸಂಗಡ ಆಡುವದಕ್ಕೆ ಒಪ್ಪಂದವಾಯಿತು. ನಾಲ್ಕು ಪಂದ್ಯಗಳನ್ನು ಮೊದಲು ಗೆದ್ದವರಿಗೆ ಪದವಿ. ಮೆಗ್ರಾನು ತನ್ನವರಿಗೆ ಕಪ್ಪು ಬಣ್ಣದ ಹೊಸ ಉಡುಪುಗಳನ್ನು ತೊಡಿಸಿದನು. ಎದುರು ಪಕ್ಷದ ಹೆಸರಾಂತ ಎಸೆತಗಾರನಾದ ವಾಡೆಲ್ಲನು ಭುಜದ ನೋವಿನಿಂದ ಆಡಲಾರದೆ ಹೋದನು. ಜೂಜುಗಾರರು ಅವನಿಗೆ ಲಂಚ ಕೊಟ್ಟರೆಂಬ ಗಾಳಿಮಾತು ಹಬ್ಬಿತಾದರೂ ಅದು ರುಜುವಾಗಲಿಲ್ಲ. ಅಕ್ಟೋಬರ್ ೯ನೆಯ ಸೋಮವಾರ ಫಿಲಡೆಲ್ಫಿಯದಲ್ಲಿ, ಆರು ತಿಂಗಳ ಹಿಂದೆ ಅವನು ಕೋಪಕ್ಕೆ ಸೋತ ಆ ಪಟ್ಟಣದಲ್ಲಿಯೇ, ಮ್ಯಾಥ್ಯುಸನ್ನನು ಎದುರಾಳಿಗಳಿಗೆ ಒಂದು ಓಟವನ್ನಾದರೂ ಕೊಡದೆ ಜಯಿಸಿದನು. ಮರುದಿನ ಅಮೇರಿಕದ ಮೂಲನಿವಾಸಿ ಜನಾಂಗದವನಾದ ಬೆಂಡರ್ ಎಂಬವನು ಅದೇ ಪ್ರಕಾರ ಜೈಂಟ್ಸರನ್ನು ಸೋಲಿಸಿದನು. ೧೨ರಂದು ಪುನಃ ಮ್ಯಾಥ್ಯುಸನ್ನನು ಎಸೆಯಲು, ೯ ಓಟಗಳಿಗೆ ಶೂನ್ಯ. ೧೩ರಂದು ಮೆಗಿನಿಟಿ ಎಂಬವನು ಗೆದ್ದನು. ಒಂದು ದಿನ ಮಾತ್ರ ವಿಶ್ರಾಂತಿ ಪಡೆದಿದ್ದ ಮ್ಯಾಥ್ಯುಸನ್ನನು ೧೪ರಂದು ಬೆಂಡರನಿಗೆ ಎದುರಾಗಿ ನಿಂತು, ೨ ಓಟಗಳಿಗೆ ಶೂನ್ಯದಿಂದ ಗೆದ್ದನು. ಹೀಗೆ ಆರು ದಿನಗಳೊಳಗೆ ಮೂರು ಪಂದ್ಯಗಳಲ್ಲಿ, ೨೭ ಸರದಿಗಳಲ್ಲಿ, ಅವನು ಒಂದು ಓಟವನ್ನೂ ಕೊಡಲಿಲ್ಲ. ಆ ಕಡೆಯ ದಿನವು ಶನಿವಾರವಾಗಿತ್ತು. ಆದಿತ್ಯವಾರವು ಬರುವ ಮೊದಲೇ ಎಲ್ಲವೂ ಮುಗಿದಿತ್ತು.

ಇದಾದ ಮೇಲೆ ದೇಶದ ಜನರು ಅವನನ್ನು ದೇವದೂತನ ಹಾಗೆ ವರ್ಣಿಸತೊಡಗಿದರು. ಆದರೆ ಅವನು ಮನುಷ್ಯನೇ. ೧೯೧೧ರಲ್ಲಿ ಅವನ ಜೊತೆಗಾರನಾದ ಮಾರ್ಕ್ವರ್ಡನ ಚೆಂಡನ್ನು ಬೇಕರ್ ಎಂಬ ದಾಂಡಿಗನು ಮೈದಾನದ ಆಚೆಗೆ ಹೊಡೆಯಲು, ಮ್ಯಾಥ್ಯುಸನ್ನನ ಹೆಸರಿನಲ್ಲಿ ಇನ್ನೊಬ್ಬರು ಬರೆಯುತ್ತಿದ್ದ ಪತ್ರಿಕೆಯ ಲೇಖನದಲ್ಲಿ ಆ ಜೊತೆಗಾರನ ಅಜಾಗ್ರತೆಯನ್ನು ಖಂಡಿಸಲಾಯಿತು. ಮರುದಿನವೇ ಅದೇ ಬೇಕರನು ಮ್ಯಾಥ್ಯುಸನ್ನನ ಚೆಂಡನ್ನೂ ಹಾಗೆಯೇ ಹೊಡೆದನು. ಮುಂದಿನ ವರುಷ ಬಾಸ್ಟನಿನಲ್ಲಿ ಜಯವು ಕೈಗೆಟುಕಿದ್ದಾಗ, ಸ್ನಾಡ್‌ಗ್ರಾಸ್ ಎಂಬ ಜೊತೆಗಾರನು ಸುಲಭವಾದ ಚೆಂಡನ್ನು ಕೈಬಿಟ್ಟನು. ಇನ್ನೊಂದನ್ನು ಮೂವರ ನಡುವೆ ಯಾರೂ ಹಿಡಿಯದೆ ಹೋದರು. ಪದವಿಯು ತಪ್ಪಿತು, ಮತ್ತು ಆ ಸೋಲು ಮ್ಯಾಥ್ಯುಸನ್ನನ ಲೆಕ್ಕಕ್ಕೆ ಬರೆಯಲ್ಪಟ್ಟಿತು.

೧೯೧೬ರಲ್ಲಿ ಅವನು ಸಿನ್ಸಿನಾಟಿಯ ತಂಡಕ್ಕೆ ನಾಯಕನಾಗಿ ಹೋದನು. ನಾಯಕನಾದ ಮೇಲೆ ಆದಿತ್ಯವಾರದಲ್ಲಿ ದೂರ ನಿಲ್ಲುವದು ಅವನಿಗೆ ಆಗಲಿಲ್ಲ. ೧೯೧೭ರ ಆಗಸ್ಟ್ ೧೯ರಂದು, ಸಿಪಾಯಿಗಳ ಕುಟುಂಬಗಳ ಸಹಾಯಾರ್ಥವಾಗಿ ನ್ಯೂಯಾರ್ಕಿನಲ್ಲಿ ಆದಿತ್ಯವಾರದ ಪಂದ್ಯವನ್ನಾಡಿಸಿದ್ದಕ್ಕೆ ಅವನೂ ಮೆಗ್ರಾನೂ ದಸ್ತಗಿರಿಯಾಗಿ, ತರುವಾಯ ಬಿಡಲ್ಪಟ್ಟರು. ತಾಯಿಗೆ ಕೊಟ್ಟ ಮಾತಿಗೂ ಮೇಲ್ವಿಚಾರಕನ ಹೊಣೆಗೂ ನಡುವೆ ಅವನ ಮನಸ್ಸು ಹೇಗೆ ತೂಗಿತೋ, ಅದನ್ನು ವಾಚಕರೇ ಯೋಚಿಸಿಕೊಳ್ಳಲಿ.

ಆದರೆ ಇನ್ನೊಂದು ಸಂಗತಿಯಲ್ಲಿ ಅವನು ಕದಲಲಿಲ್ಲ. ಅವನ ತಂಡದಲ್ಲಿ ಹಾಲ್ ಚೇಸ್ ಎಂಬ ಬಹು ನಿಪುಣನಾದ ಆಟಗಾರನಿದ್ದನು. ಇವನು ಜೂಜಿನ ಹಣಕ್ಕಾಗಿ ಬೇಕೆಂದೇ ಸೋಲುತ್ತಾನೆಂದು ಕಂಡು, ಮ್ಯಾಥ್ಯುಸನ್ನನು ೧೯೧೮ರ ಆಗಸ್ಟಿನಲ್ಲಿ ಅವನನ್ನು ತಂಡದಿಂದ ಹೊರಗಿಟ್ಟು ದೂರು ಕೊಟ್ಟನು. ಬಳಿಕ ತಾನು ಸೈನ್ಯಕ್ಕೆ ಸೇರಿ ಫ್ರಾನ್ಸಿಗೆ ಹೋದ್ದರಿಂದ ವಿಚಾರಣೆಯಲ್ಲಿ ನಿಂತು ಹೇಳಲಾಗಲಿಲ್ಲ. ಚೇಸನು ಬಿಡುಗಡೆ ಹೊಂದಿದನು. ಅವನನ್ನು ತನ್ನ ತಂಡಕ್ಕೆ ಕರೆದುಕೊಂಡವನು ಮಿತ್ರನಾದ ಮೆಗ್ರಾನೇ. ೧೯೧೯ರ ಅಂತಿಮ ಪಂದ್ಯಗಳಲ್ಲಿ ಮ್ಯಾಥ್ಯುಸನ್ನನು ಪತ್ರಿಕೆಗಾರನಾದ ಫುಲ್ಲರ್ಟನನ ಬಳಿಯಲ್ಲಿ ಕೂತು, ಶಿಕಾಗೊದ ಆಟಗಾರರ ಸಂಶಯಾಸ್ಪದವಾದ ನಡತೆಗಳನ್ನು ಗುರುತಿಸಿದನು. ಮುಂದಿನ ವರುಷ ಆ ಮೋಸವು ಬೈಲಿಗೆ ಬಂತು. ೧೯೨೧ರಲ್ಲಿ ಎಂಟು ಮಂದಿಯನ್ನು ಜೀವಮಾನ ಪರ್ಯಂತರ ಆಟದಿಂದ ತಳ್ಳಿಬಿಟ್ಟರು.

ಫ್ರಾನ್ಸಿನಲ್ಲಿ ವಿಷವಾಯುವಿನ ಅಭ್ಯಾಸ ನಡೆಯುವಾಗ ಅದು ಅವನ ಶ್ವಾಸಕೋಶಗಳಿಗೆ ತಗಲಿತು. ಅವನ ತಮ್ಮನಾದ ಹೆನ್ರಿಯು ೧೯೧೭ರಲ್ಲಿ ಕ್ಷಯರೋಗದಿಂದ ತೀರಿಹೋಗಿದ್ದನು. ೧೯೨೦ರಲ್ಲಿ ಅದೇ ರೋಗವು ಇವನಲ್ಲಿಯೂ ಕಾಣಿಸಿತು. ಸಾರನಾಕ್ ಲೇಕ್ ಎಂಬ ಬೆಟ್ಟದ ಊರಿನ ಆರೋಗ್ಯಧಾಮದಲ್ಲಿ ಬಹುಕಾಲ ಅಲುಗದೆ ಮಲಗಿರಬೇಕಾಯಿತು. ಲಕ್ಷಾಂತರ ಜನರ ಕಣ್ಣಮುಂದೆ ಓಡಾಡಿದವನು ಈ ಕಟ್ಟಳೆಯನ್ನು ತಾಳ್ಮೆಯಿಂದ ಸಹಿಸಿ ಸ್ವಲ್ಪ ಗುಣಹೊಂದಿ, ೧೯೨೩ರಲ್ಲಿ ಬಾಸ್ಟನಿನ ತಂಡಕ್ಕೆ ಅಧ್ಯಕ್ಷನಾದನು. ಆದರೆ ರೋಗವು ಮರುಕಳಿಸಿ, ೧೯೨೫ನೆಯ ಇಸವಿ ಅಕ್ಟೋಬರ್ ೭ರಂದು ೪೫ ವರುಷ ಪ್ರಾಯದಲ್ಲಿ ನಿದ್ರೆಹೋದನು. ಅದು ಆ ವರುಷದ ಅಂತಿಮ ಪಂದ್ಯಗಳ ಮೊದಲನೆಯ ದಿನ. ಮರುದಿನ ಎರಡೂ ಪಕ್ಷದ ಆಟಗಾರರು ತೋಳಿಗೆ ಕಪ್ಪು ಪಟ್ಟಿ ಕಟ್ಟಿಕೊಂಡು ಆಡಿದರು. ಅವನ ಶರೀರವನ್ನು ಲೂಯಿಸ್‌ಬರ್ಗಿನಲ್ಲಿ, ತಾನು ಕಲಿತ ವಿದ್ಯಾಲಯದ ಪಕ್ಕದಲ್ಲಿರುವ ಸ್ಮಶಾನದಲ್ಲಿ ಹೂಳಿಟ್ಟರು.

ಅವನ ಜಯಗಳು ಒಟ್ಟು ೩೭೩. ೧೯೩೬ರಲ್ಲಿ ಆ ಆಟದ ಕೀರ್ತಿಮಂದಿರಕ್ಕೆ ಮೊದಲು ಆರಿಸಲ್ಪಟ್ಟ ಐವರಲ್ಲಿ ಅವನೂ ಒಬ್ಬನು. ಆದರೆ ವಾಚಕರೇ, ತಾಯಿಯು ಮಗನಿಂದ ಜಯಗಳನ್ನು ಕೇಳಿರಲಿಲ್ಲ. ಒಂದು ಮಾತನ್ನು ಮಾತ್ರ ಕೇಳಿದ್ದಳು. ಆ ಮಾತು ಅವನ ಕಸುಬನ್ನು ಶುದ್ಧಮಾಡಲಿಲ್ಲ, ಅವನ ಜೊತೆಗಾರರನ್ನು ಬದಲಾಯಿಸಲಿಲ್ಲ, ಅವನನ್ನೇ ಎಲ್ಲಾ ತಪ್ಪಿನಿಂದ ಕಾಯಲಿಲ್ಲ. ಆದರೂ ಅಲ್ಪ ಸಂಗತಿಯಲ್ಲಿ ಬೇಡವೆನ್ನಲು ಕಲಿತವನು, ಜೂಜಿನ ಮೋಸವು ತನ್ನ ತಂಡದೊಳಗೆ ಬಂದು ನಿಂತಾಗ ಒಂಟಿಯಾಗಿ ಬೇಡವೆನ್ನಲು ಶಕ್ತನಾದನು. ನಮ್ಮ ಮಕ್ಕಳು ಕೂಲಿಗಾಗಿ ದೂರದ ಊರುಗಳಿಗೆ ಹೋಗುವಾಗ ಅವರಿಂದ ಅನೇಕ ಮಾತುಗಳನ್ನು ತೆಗೆದುಕೊಳ್ಳುತ್ತೇವೆ. ಒಂದನ್ನೇ ಕೇಳಿ, ಅದನ್ನು ನೆರವೇರಿಸುವದಕ್ಕಾಗಿ ಮನೆಯಲ್ಲಿ ದಿನಾಲು ಪ್ರಾರ್ಥಿಸುವದು ಒಳ್ಳೆಯದೆಂದು ನಮಗೆ ತೋರುತ್ತದೆ.