ಜೈಲಿನಲ್ಲಿ ಮೈ ಕಟ್ಟಿದ ‘ಪಾಕೆಟ್ ಹರ್ಕ್ಯುಲಿಸ್’ ಮನೋಹರ್ ಐಚ್

ಎತ್ತರ ಬರೇ 4 ಅಡಿ 11 ಇಂಚು. ಆದರೂ ದೇಹದಾರ್ಢ್ಯದಲ್ಲಿ ಜಗತ್ತೇ ತಿರುಗಿ ನೋಡುವಂತೆ ಮಾಡಿದವರು ಮನೋಹರ್ ಐಚ್.

ಹುಟ್ಟಿದ್ದು ಈಗಿನ ಬಾಂಗ್ಲಾದೇಶದ ಕೊಮಿಲ್ಲಾ ಕಡೆಯ ಹಳ್ಳಿಯಲ್ಲಿ. ಬ್ರಿಟಿಷರ ವಾಯುಪಡೆಯಲ್ಲಿದ್ದಾಗ ಅಧಿಕಾರಿಯೊಬ್ಬನ ಕೆನ್ನೆಗೆ ಬಾರಿಸಿ ಜೈಲು ಸೇರಿದರು. ಅಲ್ಲಿ ಸಲಕರಣೆ ಏನೂ ಇರಲಿಲ್ಲ. ಬರಿಗೈಯಲ್ಲೇ ಗಂಟೆಗಟ್ಟಲೆ ಕಸರತ್ತು ಮಾಡಿದರು. ಅವರ ಹಠ ಕಂಡು ಜೈಲಿನವರೇ ವಿಶೇಷ ಊಟ ಕೊಡತೊಡಗಿದರು.

ಸ್ವಾತಂತ್ರ್ಯ ಬಂದಾಗ ಬಿಡುಗಡೆಯಾಯಿತು, ಆದರೆ ಕೈಯಲ್ಲಿ ಕಾಸಿರಲಿಲ್ಲ. ಹೊಟ್ಟೆಪಾಡಿಗೆ ಕೋಲ್ಕತ್ತಾದ ಸಿಯಾಲ್ದಾ ರೈಲು ನಿಲ್ದಾಣದಲ್ಲಿ ಬೊಂಡ ಮಾರಿದರು. 1951ರ ಮಿಸ್ಟರ್ ಯೂನಿವರ್ಸ್ ಸ್ಪರ್ಧೆಯಲ್ಲಿ ಸಿಕ್ಕಿದ್ದು ಎರಡನೇ ಸ್ಥಾನ. ಸೋತೆನೆಂದು ಊರಿಗೆ ಮರಳಲಿಲ್ಲ. ಲಂಡನ್ನಿನಲ್ಲೇ ಉಳಿದು, ಅಲ್ಲಿನ ರೈಲ್ವೆಯಲ್ಲಿ ದುಡಿಯುತ್ತಾ ತಾಲೀಮು ನಡೆಸಿದರು. 1952ರಲ್ಲಿ ಕಡಿಮೆ ಎತ್ತರದವರ ವಿಭಾಗದ ಪ್ರಶಸ್ತಿ ಅವರದಾಯಿತು.

ಅನ್ನ, ಮೀನು, ತರಕಾರಿ, ಹಣ್ಣು, ಹಾಲು, ಇಷ್ಟೇ ಅವರ ಆಹಾರ. ಸಿಗರೇಟು, ಮದ್ಯ ಮುಟ್ಟಿದವರಲ್ಲ. ಮುಂದೆ ಕೋಲ್ಕತ್ತಾದಲ್ಲಿ ಎಷ್ಟೋ ಯುವಕರನ್ನು ತರಬೇತು ಮಾಡಿದರು. 2016ರ ಜೂನ್ 5ರಂದು ತೀರಿಕೊಂಡಾಗ ವಯಸ್ಸು ನೂರು ದಾಟಿತ್ತು.

ಮೂರೇ ತಿಂಗಳಲ್ಲಿ ಮೈ ಉಬ್ಬಬೇಕೆಂದು ಇಂಜೆಕ್ಷನ್ ಚುಚ್ಚಿಸಿಕೊಳ್ಳಲು ಹೊರಡುವ ಹುಡುಗರು ಒಮ್ಮೆ ಈ ಕುಳ್ಳ ಮನುಷ್ಯನನ್ನು ನೆನೆಯಲಿ. ಅವರು ಮೈ ಕಟ್ಟಿದ್ದು ಬೆವರು ಮತ್ತು ತಾಳ್ಮೆಯಿಂದ. ಅದು ನೂರು ವರ್ಷ ಬಾಳಿತು.