ಕಲ್ಲಿನಲ್ಲಿ ಉಳಿದ ಹೆಸರು: ವಿಜ್ಞಾನಿ ಫರ್ಡಿನಾಂಡ್ ಸ್ಟೊಲಿಚ್ಕಾ



ನಮ್ಮ ಗೊರೇಬಾಳಕ್ಕೆ ಮಸ್ಕಿ ದೂರದ ಊರೇನಲ್ಲ. ಅಲ್ಲಿಯ ಗುಡ್ಡದ ಬಂಡೆಯ ಮೇಲೆ ಅಶೋಕ ಚಕ್ರವರ್ತಿಯ ಶಾಸನವಿರುವುದು ನಿಮಗೆಲ್ಲ ತಿಳಿದಿದೆ. ಚಿನ್ನದ ಗಣಿಯ ಎಂಜಿನಿಯರ್ ಆಗಿದ್ದ ಬೀಡನ್ ಎಂಬವರು 1915ರಲ್ಲಿ ಅದನ್ನು ಬೆಳಕಿಗೆ ತಂದರು. ಅದಕ್ಕೂ ಮೊದಲು ದೊರೆತಿದ್ದ ಶಾಸನಗಳಲ್ಲಿ ಅರಸನು ತನ್ನನ್ನು ದೇವಾನಾಂಪ್ರಿಯ ಎಂಬ ಬಿರುದಿನಿಂದಲೇ ಕರೆದುಕೊಂಡಿದ್ದನು. ಮಸ್ಕಿಯ ಬಂಡೆಯಲ್ಲಿ ಆ ಬಿರುದಿನ ಜೊತೆಗೆ ಅಶೋಕ ಎಂಬ ಹೆಸರೂ ಇತ್ತು. ಒಂದೇ ಒಂದು ಹೆಸರು ಇತಿಹಾಸಕಾರರ ಬಹುಕಾಲದ ಸಂಶಯವನ್ನು ದೂರ ಮಾಡಿತು. ಹೆಸರೆಂದರೆ ಬರೀ ಕರೆಯುವುದಕ್ಕಲ್ಲ, ಅದು ಸಾಕ್ಷಿಯೂ ಆಗುತ್ತದೆ ಎಂಬುದಕ್ಕೆ ಇದಕ್ಕಿಂತ ಹತ್ತಿರದ ಉದಾಹರಣೆ ನಮಗೆ ಬೇಕಿಲ್ಲ.

ಮಸ್ಕಿಯಲ್ಲಿ ಕಲ್ಲಿನ ಮೇಲೆ ಮನುಷ್ಯನ ಹೆಸರು ಬರೆದಿದೆ. ಕಲ್ಲಿಗೇ ಮನುಷ್ಯನ ಹೆಸರು ಇಟ್ಟಿರುವುದೂ ಉಂಟು. ವಿಜ್ಞಾನದ ಗ್ರಂಥಗಳಲ್ಲಿ ಸ್ಟೊಲಿಚ್ಕಾಯಾ ಎಂಬ ಒಂದು ಹೆಸರಿದೆ. ಇದು ಸುಮಾರು 10 ಕೋಟಿ ವರ್ಷಗಳ ಹಿಂದೆ ಸಮುದ್ರದಲ್ಲಿ ಬಾಳಿ ಈಗ ಕಲ್ಲಾಗಿ ಸಿಗುವ ಒಂದು ಜೀವಿಯ ಹೆಸರು. ಆ ಹೆಸರಿನ ಹಿಂದೆ ಹನ್ನೆರಡು ವರ್ಷ ನಮ್ಮ ದೇಶದಲ್ಲಿ ದುಡಿದು, 36ನೇ ವಯಸ್ಸಿಗೇ ಲಡಾಖಿನ ಮಣ್ಣು ಸೇರಿದ ಒಬ್ಬ ವಿಜ್ಞಾನಿಯ ಬದುಕಿದೆ. ಅದನ್ನು ನಿಮ್ಮ ಮುಂದಿಡುವುದೇ ಈ ಲೇಖನದ ಉದ್ದೇಶ.

ಮೊದಲು ಆ ಜೀವಿಯ ವಿಷಯ. ಅದು ಅಮೋನೈಟ್ ಎಂಬ ದೊಡ್ಡ ಗುಂಪಿಗೆ ಸೇರಿದೆ. ಅಮೋನೈಟ್‌ಗಳು ಇಂದಿನ ಆಕ್ಟೋಪಸ್ ಮತ್ತು ನಾಟಿಲಸ್‌ಗಳ ಸಂಬಂಧಿಗಳು. ಸುರುಳಿ ಸುತ್ತಿದ ಚಿಪ್ಪು, ಚಿಪ್ಪಿನೊಳಗೆ ಒಂದರ ಪಕ್ಕ ಒಂದು ಕೋಣೆ, ಕೊನೆಯ ದೊಡ್ಡ ಕೋಣೆಯಲ್ಲಿ ಪ್ರಾಣಿಯ ವಾಸ. ಸುಮಾರು 40 ಕೋಟಿ ವರ್ಷಗಳ ಹಿಂದೆ ಕಾಣಿಸಿಕೊಂಡ ಈ ಗುಂಪು 6.6 ಕೋಟಿ ವರ್ಷಗಳ ಹಿಂದೆ, ಡೈನೋಸಾರ್‌ಗಳು ಅಳಿದ ಕಾಲದಲ್ಲಿಯೇ ನಾಶವಾಯಿತು. ನಮ್ಮ ಹಿಂದೂ ಬಾಂಧವರು ಪೂಜಿಸುವ, ನೇಪಾಳದ ಗಂಡಕಿ ನದಿಯಿಂದ ಬರುವ ಸಾಲಿಗ್ರಾಮಗಳೊಳಗೆ ಕಾಣುವ ಚಕ್ರದ ಗುರುತು ಹೆಚ್ಚಾಗಿ ಈ ಅಮೋನೈಟ್‌ಗಳದ್ದೇ.

ಅಮೋನೈಟ್ ಎಂಬ ಮಾತು ಎಲ್ಲಿಂದ ಬಂತು? ಪ್ರಾಚೀನ ಈಜಿಪ್ಟಿನ ಜನ ಅಮ್ಮೋನ್ ಎಂಬ ದೇವತೆಯನ್ನು ಟಗರಿನ ಕೊಂಬುಗಳೊಂದಿಗೆ ಕಲ್ಪಿಸಿಕೊಂಡಿದ್ದರು. ನಾವು ಉರ್ದುವಿನಲ್ಲಿ ಸಿಕಂದರ್ ಎನ್ನುವ ಅಲೆಕ್ಸಾಂಡರನ ಚಿತ್ರವನ್ನು ಅವನ ನಂತರದ ಅರಸರು ಇದೇ ಕೊಂಬುಗಳೊಂದಿಗೆ ನಾಣ್ಯದ ಮೇಲೆ ಅಚ್ಚು ಹಾಕಿಸಿದರು. ಸುರುಳಿಯಾದ ಈ ಕಲ್ಲುಗಳು ಟಗರಿನ ಕೊಂಬಿನಂತೆ ಕಂಡಿದ್ದರಿಂದ ಅವುಗಳಿಗೆ ಅಮ್ಮೋನನ ಕೊಂಬು ಎಂಬ ಹೆಸರು ಬಂತು. ಕ್ರಿಸ್ತಶಕ ಒಂದನೆಯ ಶತಮಾನದ ರೋಮನ್ ಲೇಖಕ ಪ್ಲಿನಿ ತನ್ನ ಗ್ರಂಥದಲ್ಲಿ ಈ ಹೆಸರನ್ನು ದಾಖಲಿಸಿದ್ದಾನೆ. ಅದೇ ಮುಂದೆ ಅಮೋನೈಟ್ ಆಯಿತು. ಇವುಗಳಲ್ಲಿ ಅನೇಕ ಜಾತಿಗಳ ಹೆಸರು ಸೆರಾಸ್ ಎಂದು ಕೊನೆಯಾಗುತ್ತದೆ. ಅದೂ ಕೊಂಬು ಎಂಬ ಅರ್ಥದ ಗ್ರೀಕ್ ಪದದಿಂದ ಬಂದದ್ದು. ಆದರೆ ಸ್ಟೊಲಿಚ್ಕಾಯಾ ಎಂಬ ಹೆಸರು ಕೊಂಬಿನಿಂದ ಬಂದದ್ದಲ್ಲ, ಮನುಷ್ಯನಿಂದ ಬಂದದ್ದು.

ಫರ್ಡಿನಾಂಡ್ ಸ್ಟೊಲಿಚ್ಕಾ 1838ರ ಜೂನ್ 7ರಂದು ಮೊರಾವಿಯಾ ಪ್ರಾಂತ್ಯದ ಕ್ರೊಮೆರಿಜ್ ಪಟ್ಟಣದ ಹತ್ತಿರ ಜನಿಸಿದರು. ಆಗ ಆಸ್ಟ್ರಿಯಾ ಸಾಮ್ರಾಜ್ಯಕ್ಕೆ ಸೇರಿದ್ದ ಆ ಪ್ರದೇಶ ಇಂದು ಚೆಕ್ ಗಣರಾಜ್ಯದಲ್ಲಿದೆ. ತಂದೆ ಕಾಡು ಕಾಯುವ ನೌಕರಿಯಲ್ಲಿದ್ದರು. ಚೆಕ್ ಭಾಷೆಯಲ್ಲಿ ಸ್ಟೊಲಿಚ್ಕಾ ಎಂದರೆ ಚಿಕ್ಕ ಕುರ್ಚಿ ಎಂದು ಅರ್ಥ. ಮನೆತನದ ಹೆಸರು ಕುರ್ಚಿಯಾದರೂ ಈ ಮನುಷ್ಯ ಕುರ್ಚಿಯಲ್ಲಿ ಸುಮ್ಮನೆ ಕುಳಿತವರಲ್ಲ ಎಂಬುದನ್ನು ನೀವು ಮುಂದೆ ನೋಡುವಿರಿ.

ಊರಿನ ಶಾಲೆಯಲ್ಲಿ ಓದಿದ ಮೇಲೆ ಅವರು ವಿಯೆನ್ನಾ ವಿಶ್ವವಿದ್ಯಾಲಯ ಸೇರಿದರು. ಅಲ್ಲಿ ಅವರಿಗೆ ಎಡ್ವರ್ಡ್ ಸ್ಯೂಸ್ ಅವರಂತಹ ದೊಡ್ಡ ಭೂವಿಜ್ಞಾನಿ ಗುರುಗಳಾಗಿ ದೊರೆತರು. 1861ರಲ್ಲಿ ಡಾಕ್ಟರೇಟ್ ಪಡೆದು ಆಸ್ಟ್ರಿಯಾದ ಭೂವೈಜ್ಞಾನಿಕ ಇಲಾಖೆಯಲ್ಲಿ ಕೆಲಸಕ್ಕೆ ಸೇರಿದರು. ಮರುವರ್ಷವೇ ಭಾರತದಿಂದ ಕರೆ ಬಂತು. ಕಲ್ಕತ್ತೆಯಲ್ಲಿದ್ದ ಭಾರತೀಯ ಭೂವೈಜ್ಞಾನಿಕ ಸರ್ವೇಕ್ಷಣಾ ಇಲಾಖೆಯ ಮುಖ್ಯಸ್ಥ ಥಾಮಸ್ ಓಲ್ಡಮ್ ಅವರಿಗೆ ಪಳೆಯುಳಿಕೆಗಳನ್ನು ಬಲ್ಲ ತರುಣರು ಬೇಕಾಗಿದ್ದರು. 1862ರಲ್ಲಿ, ಇನ್ನೂ 24 ವರ್ಷದ ಸ್ಟೊಲಿಚ್ಕಾ ಭಾರತಕ್ಕೆ ಬಂದರು.

ಅವರ ಮೇಜಿನ ಮೇಲೆ ಬಂದದ್ದು ದಕ್ಷಿಣ ಭಾರತದ ಪಳೆಯುಳಿಕೆಗಳ ರಾಶಿ. ಇಲ್ಲಿ ನಿಮಗೊಂದು ಪ್ರಶ್ನೆ ಬರಬಹುದು. ದಕ್ಷಿಣದಲ್ಲಿ ಎಲ್ಲಿಯವು? ನಮ್ಮ ರಾಯಚೂರು ಸೀಮೆಯಲ್ಲಿ ಇಂಥವು ಏಕೆ ಸಿಗುವುದಿಲ್ಲ? ನಮ್ಮ ಎರೆಮಣ್ಣಿನ ಕೆಳಗಿರುವ ಬಂಡೆಗಳು, ಮಸ್ಕಿ ಮುದಗಲ್ಲಿನ ಗುಡ್ಡಗಳ ಕಲ್ಲುಗಳು ಸುಮಾರು 250 ಕೋಟಿ ವರ್ಷ ಅಥವಾ ಅದಕ್ಕೂ ಹಿಂದಿನವು. ಆಗ ಅಮೋನೈಟ್ ಇರಲಿ, ಚಿಪ್ಪಿರುವ ಯಾವ ಪ್ರಾಣಿಯೂ ಭೂಮಿಯ ಮೇಲೆ ಇರಲಿಲ್ಲ. ಆದರೆ ತಮಿಳುನಾಡಿನ ತಿರುಚಿರಾಪಳ್ಳಿ ಮತ್ತು ಅರಿಯಲೂರಿನ ಕಡೆ ಬಹಳ ತಡವಾಗಿ, 10 ಕೋಟಿ ವರ್ಷಗಳ ಹಿಂದಿನ ಸುಮಾರಿಗೆ ಸಮುದ್ರವು ಒಳನುಗ್ಗಿ ಬಂದಿತ್ತು. ಆ ಸಮುದ್ರದ ತಳದ ಕೆಸರೇ ಇಂದು ಸುಣ್ಣಕಲ್ಲು, ಜೇಡಿಕಲ್ಲು ಆಗಿದೆ. ಅದರೊಳಗೆ ಅಮೋನೈಟ್‌ಗಳು, ಚಿಪ್ಪುಗಳು, ಹವಳಗಳು ಹೇರಳವಾಗಿ ಸಿಗುತ್ತವೆ.

ಅಲ್ಲಿಯ ನೆಲವನ್ನು ಅಳೆದು ನಕ್ಷೆ ಬರೆದವರು ಹೆನ್ರಿ ಬ್ಲ್ಯಾನ್‌ಫೋರ್ಡ್. ಅವರು ಆ ಶಿಲೆಗಳನ್ನು ಉತ್ತತ್ತೂರು, ತಿರುಚಿರಾಪಳ್ಳಿ, ಅರಿಯಲೂರು ಎಂದು ಊರುಗಳ ಹೆಸರಿನಿಂದಲೇ ಮೂರು ಭಾಗ ಮಾಡಿದರು. ಪಳೆಯುಳಿಕೆಗಳನ್ನು ವಿವರಿಸುವ ಕೆಲಸ ಬಹುಪಾಲು ಸ್ಟೊಲಿಚ್ಕಾ ಅವರ ಪಾಲಿಗೆ ಬಂತು. ಒಂದೊಂದು ಚಿಪ್ಪನ್ನೂ ಅಳೆಯಬೇಕು, ಅದರ ಗೆರೆಗಳನ್ನು ಎಣಿಸಬೇಕು, ಚಿತ್ರ ಬರೆಸಬೇಕು, ಯುರೋಪಿನಲ್ಲಿ ಸಿಕ್ಕವುಗಳೊಂದಿಗೆ ಹೋಲಿಸಬೇಕು, ಹೊಸದಾದರೆ ಹೆಸರಿಡಬೇಕು. ಅಮೋನೈಟ್‌ಗಳಿಂದ ಆರಂಭವಾದ ಈ ಕೆಲಸ ಶಂಖ, ಕಪ್ಪೆಚಿಪ್ಪು, ಹವಳಗಳವರೆಗೆ ನಡೆದು 1873ರಲ್ಲಿ ಮುಗಿಯಿತು. ನಾಲ್ಕು ಸಂಪುಟಗಳು, ಸುಮಾರು 1500 ಪುಟಗಳು, 178 ಚಿತ್ರಪಟಗಳು. ಒಬ್ಬ ವ್ಯಕ್ತಿ ಹತ್ತು ಹನ್ನೊಂದು ವರ್ಷಗಳಲ್ಲಿ, ಬೇರೆ ಕೆಲಸಗಳ ನಡುವೆ ಇದನ್ನು ಮಾಡಿದರು ಎಂದರೆ ಅವರ ಪರಿಶ್ರಮವನ್ನು ನೀವೇ ಊಹಿಸಿ.

ಬೇರೆ ಕೆಲಸಗಳೂ ಕಡಿಮೆ ಇರಲಿಲ್ಲ. 1864 ಮತ್ತು 1865ರಲ್ಲಿ ಅವರು ಹಿಮಾಲಯದ ಸ್ಪಿತಿ, ಲಡಾಖ್ ಕಣಿವೆಗಳಲ್ಲಿ ಸುತ್ತಾಡಿದರು. 1871-72ರಲ್ಲಿ ಕಚ್ಛ್ ಪ್ರದೇಶಕ್ಕೆ ಹೋದರು. ಅಂಡಮಾನ್, ಬರ್ಮಾ, ಪಿನಾಂಗ್‌ಗಳನ್ನೂ ಕಂಡರು. ಹಾವು, ಹಲ್ಲಿ, ಬಸವನಹುಳು, ಹಕ್ಕಿಗಳ ಬಗೆಗೂ ಬರೆದರು. ಕಚ್ಛ್‌ನಲ್ಲಿ ಅವರು ಗುರುತಿಸಿ 1872ರಲ್ಲಿ ವಿವರಿಸಿದ ಒಂದು ಪುಟ್ಟ ಹಕ್ಕಿಯನ್ನು ಈಗಲೂ ಪಕ್ಷಿಪ್ರಿಯರು ಸ್ಟೊಲಿಚ್ಕಾ ಅವರ ಹೆಸರಿನಿಂದ ಕರೆಯುವುದುಂಟು. ಇದೆಲ್ಲದರ ಜೊತೆಗೆ ಕಲ್ಕತ್ತೆಯ ಏಷ್ಯಾಟಿಕ್ ಸೊಸೈಟಿಯ ಕಾರ್ಯದರ್ಶಿಯಾಗಿಯೂ ದುಡಿದರು.

ವಿದ್ಯಾರ್ಥಿಗಳೇ, ಇಲ್ಲಿ ಒಂದು ಸಂಗತಿಯನ್ನು ಗಮನಿಸಿ. ಹಿಮಾಲಯದಲ್ಲಿ ತಾವು ಕಂಡ ಶಿಲಾಪದರಗಳಿಗೆ ಅವರು ಇಟ್ಟ ಹೆಸರುಗಳು ಯಾವುವು? ಲಿಲಾಂಗ್, ಗಿಯುಮಲ್, ಚಿಕ್ಕಿಮ್, ಸ್ಪಿತಿ. ಕಚ್ಛ್‌ನ ಪದರಗಳಿಗೆ ಇಟ್ಟ ಹೆಸರುಗಳು ಪಚ್ಛಮ್, ಚಾರಿ, ಕತ್ರೋಲ್, ಉಮಿಯಾ. ಎಲ್ಲವೂ ಅಲ್ಲಿಯ ಹಳ್ಳಿಗಳ, ಗುಡ್ಡಗಳ, ಕಣಿವೆಗಳ ಹೆಸರುಗಳೇ. ಯಾವ ಕಲ್ಲು ಎಲ್ಲಿ ಕಂಡಿತೋ ಆ ನೆಲದ ಹೆಸರೇ ಅದಕ್ಕೆ. ಇನ್ನೊಬ್ಬ ಭೂವಿಜ್ಞಾನಿ ಅಲ್ಲಿಗೆ ಹೋಗಿ ನೋಡಿ, ಹೇಳಿದ್ದು ನಿಜವೋ ಸುಳ್ಳೋ ಎಂದು ಪರೀಕ್ಷಿಸಲು ಇದರಿಂದ ಅನುಕೂಲವಾಗುತ್ತದೆ. ಇಂದಿಗೂ ಭೂವಿಜ್ಞಾನದ ಪುಸ್ತಕಗಳಲ್ಲಿ ಈ ಹಳ್ಳಿಗಳ ಹೆಸರುಗಳು ಉಳಿದಿವೆ.

ನಮ್ಮ ಸೀಮೆಗೂ ಇದೇ ಇಲಾಖೆಯವರು ಬಂದಿದ್ದರು. ಸ್ಟೊಲಿಚ್ಕಾ ಅವರಿಗಿಂತ ನಾಲ್ಕು ವರ್ಷ ಮೊದಲು, 1858ರಲ್ಲಿ ಆ ಇಲಾಖೆ ಸೇರಿದ ರಾಬರ್ಟ್ ಬ್ರೂಸ್ ಫೂಟ್ ಅವರು ರಾಯಚೂರು ದೋಆಬಿನಲ್ಲಿ ಸುತ್ತಾಡಿ ಮಸ್ಕಿಯ ಪ್ರಾಚೀನ ನೆಲೆಯನ್ನು ಗುರುತಿಸಿದರು. ನಮ್ಮ ನಾಡಿನ ಹಳೆಯ ಶಿಲೆಗಳ ಒಂದು ದೊಡ್ಡ ಸಮೂಹಕ್ಕೆ ಧಾರವಾಡ ಎಂಬ ಹೆಸರು ಕೊಟ್ಟವರೂ ಅವರೇ. ಗೋಕಾಕದ ಹತ್ತಿರ ಸಿಕ್ಕ ಖಡ್ಗಮೃಗದ ಪಳೆಯುಳಿಕೆಗೆ 1874ರಲ್ಲಿ ದಖ್ಖನದ ಹೆಸರಿಟ್ಟರು. ಇಂದು ಚಿನ್ನ ತೆಗೆಯುವ ನಮ್ಮ ಶಿಲಾಪಟ್ಟಿಯನ್ನು ವಿಜ್ಞಾನಿಗಳು ಹಟ್ಟಿ-ಮಸ್ಕಿ ಪಟ್ಟಿ ಎಂದೇ ಕರೆಯುತ್ತಾರೆ. ಊರು ಚಿಕ್ಕದಾದರೂ ವಿಜ್ಞಾನದಲ್ಲಿ ಅದರ ಹೆಸರು ದೊಡ್ಡದಾಗಬಲ್ಲದು.

ಈಗ ಸ್ಟೊಲಿಚ್ಕಾ ಅವರ ಕೊನೆಯ ಪ್ರಯಾಣಕ್ಕೆ ಬರೋಣ. ಮಧ್ಯ ಏಷ್ಯಾದ ಕಾಶ್ಗರ್ ಮತ್ತು ಯಾರ್ಕಂದ್ ಆಗ ಅಮೀರ್ ಯಾಕೂಬ್ ಬೇಗ್ ಅವರ ಆಳ್ವಿಕೆಯಲ್ಲಿದ್ದವು. ಅವರೊಂದಿಗೆ ವ್ಯಾಪಾರ ಸಂಬಂಧ ಬೆಳೆಸಲು ಬ್ರಿಟಿಷ್ ಸರಕಾರವು ಡಗ್ಲಸ್ ಫೋರ್ಸಿತ್ ಅವರ ನೇತೃತ್ವದಲ್ಲಿ 1873ರಲ್ಲಿ ಒಂದು ನಿಯೋಗವನ್ನು ಕಳುಹಿಸಿತು. ಅದರ ಭೂವಿಜ್ಞಾನಿಯಾಗಿ ಸ್ಟೊಲಿಚ್ಕಾ ಹೊರಟರು. ದೊಡ್ಡ ಗ್ರಂಥ ಅದೇ ವರ್ಷ ಮುಗಿದಿತ್ತು. ವಿಶ್ರಾಂತಿ ಪಡೆಯಬಹುದಿತ್ತು. ಆದರೆ ವಿಜ್ಞಾನಿಗಳು ಕಾಣದ ಅಷ್ಟು ದೊಡ್ಡ ಪ್ರದೇಶವನ್ನು ನೋಡುವ ಅವಕಾಶವನ್ನು ಅವರು ಬಿಡಲಿಲ್ಲ. ಹೋಗುವಾಗಲೇ ಎತ್ತರದ ದಾರಿಯಲ್ಲಿ ಅವರ ಆರೋಗ್ಯ ಕೆಟ್ಟಿತ್ತು. ಆದರೂ ಕಾಶ್ಗರ್, ಪಾಮೀರ್, ವಾಖಾನ್‌ಗಳಲ್ಲಿ ತಿರುಗಿ ಕಲ್ಲು, ಹಕ್ಕಿ, ಪ್ರಾಣಿಗಳ ಮಾದರಿಗಳನ್ನು ಸಂಗ್ರಹಿಸುತ್ತ, ದಿನಚರಿ ಬರೆಯುತ್ತ ನಡೆದರು.

1874ರ ಜೂನ್ ತಿಂಗಳಲ್ಲಿ ತಂಡ ಹಿಂದಿರುಗುತ್ತಿತ್ತು. 5500 ಮೀಟರಿಗೂ ಎತ್ತರವಿರುವ ಕಾರಾಕೋರಂ ಕಣಿವೆದಾರಿಯನ್ನು ದಾಟುವಾಗ ಅವರಿಗೆ ವಿಪರೀತ ತಲೆನೋವು, ಉಸಿರಾಟದ ತೊಂದರೆ ಕಾಣಿಸಿಕೊಂಡಿತು. ಅಷ್ಟು ಎತ್ತರದಲ್ಲಿ ಗಾಳಿ ತೆಳುವಾಗಿ ದೇಹಕ್ಕೆ ಬೇಕಾದಷ್ಟು ಆಮ್ಲಜನಕ ಸಿಗುವುದಿಲ್ಲ. ಮಿದುಳು ಮತ್ತು ಶ್ವಾಸಕೋಶಗಳು ಊದಿಕೊಂಡು ಪ್ರಾಣಕ್ಕೇ ಅಪಾಯವಾಗುತ್ತದೆ. ಬೇಗನೆ ಕೆಳಗಿಳಿಯುವುದೇ ಮುಖ್ಯ ಚಿಕಿತ್ಸೆ ಎಂದು ಇಂದು ವೈದ್ಯರಿಗೆ ಗೊತ್ತಿದೆ. ಅಂದು ಆ ತಿಳಿವಳಿಕೆ ಇರಲಿಲ್ಲ. ಜೂನ್ 19ರಂದು ಲಡಾಖಿನ ಮುರ್ಗೊ ಎಂಬಲ್ಲಿ ಅವರು ಕೊನೆಯುಸಿರೆಳೆದರು. 36 ವರ್ಷ ತುಂಬಿ ಆಗ ಹನ್ನೆರಡೇ ದಿನಗಳಾಗಿದ್ದವು. ಅವರನ್ನು ಲೇಹ್ ಪಟ್ಟಣದಲ್ಲಿ ಸಮಾಧಿ ಮಾಡಲಾಯಿತು. ಸರಕಾರ ಅಲ್ಲಿ ಸ್ಮಾರಕವನ್ನೂ ಕಟ್ಟಿಸಿತು.

ಅವರ ಸಂಗ್ರಹ ಮತ್ತು ದಿನಚರಿ ಮಾತ್ರ ಕ್ಷೇಮವಾಗಿ ಕಲ್ಕತ್ತೆ ತಲುಪಿದವು. ಯಾವ ಮಾದರಿ ಎಲ್ಲಿಯದು ಎಂಬ ಟಿಪ್ಪಣಿಗಳು ಇದ್ದುದರಿಂದ ಬೇರೆ ಬೇರೆ ವಿಜ್ಞಾನಿಗಳು ಅವುಗಳನ್ನು ಅಭ್ಯಾಸ ಮಾಡಿ 1878ರಿಂದ 1891ರವರೆಗೆ ಭಾಗಭಾಗವಾಗಿ ಪ್ರಕಟಿಸಿದರು. ಬರೆದಿಟ್ಟ ಕೈ ನಿಂತ ಮೇಲೂ ಬರಹ ಹದಿನೇಳು ವರ್ಷ ಕೆಲಸ ಮಾಡಿತು ಎಂದರೆ ತಪ್ಪಾಗದು.

ಇನ್ನು ಹೆಸರಿನ ಕಥೆ. ಬಹುಕಾಲದವರೆಗೆ ಬಹುತೇಕ ಎಲ್ಲ ಅಮೋನೈಟ್‌ಗಳನ್ನೂ ಅಮೋನೈಟಿಸ್ ಎಂಬ ಒಂದೇ ಜಾತಿಯಲ್ಲಿ ಸೇರಿಸುತ್ತಿದ್ದರು. ಒಂದೇ ತರಗತಿಯಲ್ಲಿ ಇಡೀ ಶಾಲೆಯ ಮಕ್ಕಳನ್ನು ಕೂಡಿಸಿದ ಹಾಗೆ! 1865ರಲ್ಲಿ ಅದನ್ನು ಸಣ್ಣ ಸಣ್ಣ ಜಾತಿಗಳಾಗಿ ಬಿಡಿಸಲು ಆರಂಭಿಸಿದವರು ಸ್ಟೊಲಿಚ್ಕಾ ಅವರ ಗುರು ಸ್ಯೂಸ್. ವಿಯೆನ್ನಾದ ಇನ್ನೊಬ್ಬ ವಿದ್ವಾಂಸ ಮೆಲ್ಕಿಯರ್ ನೊಯ್‌ಮಾಯರ್ ಆ ಕೆಲಸವನ್ನು ಮುಂದುವರಿಸಿದರು. 1875ರಲ್ಲಿ, ಅಂದರೆ ಸ್ಟೊಲಿಚ್ಕಾ ತೀರಿಕೊಂಡ ಮರುವರ್ಷ, ಅವರು ಒಂದು ಹೊಸ ಜಾತಿಯನ್ನು ಬೇರ್ಪಡಿಸಿ ಅದಕ್ಕೆ ಸ್ಟೊಲಿಚ್ಕಾಯಾ ಎಂದು ಹೆಸರಿಟ್ಟರು. ವ್ಯಕ್ತಿಯ ಹೆಸರಿನ ಕೊನೆಗೆ ಲ್ಯಾಟಿನ್ ಪ್ರತ್ಯಯ ಸೇರಿಸಿ ಜಾತಿಯ ಹೆಸರು ಮಾಡುವುದು ವಿಜ್ಞಾನದಲ್ಲಿ ಹಳೆಯ ರೂಢಿ. ಈ ಜಾತಿಯ ಮಾದರಿ ಪ್ರಭೇದಕ್ಕೆ ಡಿಸ್ಪಾರ್ ಎಂಬ ಹೆಸರಿದೆ. ಲ್ಯಾಟಿನ್‌ನಲ್ಲಿ ಹಾಗೆಂದರೆ ಸಮಾನವಲ್ಲದ್ದು, ಭಿನ್ನವಾದದ್ದು ಎಂದರ್ಥ.

ಈ ಅಮೋನೈಟ್ ಯುರೋಪಿನಲ್ಲಿಯೂ ಸಿಗುತ್ತದೆ, ನಮ್ಮ ಉತ್ತತ್ತೂರಿನ ಪದರಗಳಲ್ಲಿಯೂ ಸಿಗುತ್ತದೆ. ಸ್ವಲ್ಪ ಕಾಲ ಮಾತ್ರ ಬಾಳಿ, ದೂರ ದೂರದ ಸಮುದ್ರಗಳಲ್ಲಿ ಹರಡಿದ್ದರಿಂದ ಅದು ಶಿಲೆಗಳ ವಯಸ್ಸು ಹೇಳುವ ಗಡಿಯಾರದಂತೆ ಉಪಯೋಗಕ್ಕೆ ಬರುತ್ತದೆ. ಎರಡು ದೇಶಗಳ ಕಲ್ಲುಗಳಲ್ಲಿ ಅದೊಂದೇ ಅಮೋನೈಟ್ ಕಂಡರೆ ಅವು ಒಂದೇ ಕಾಲದವು ಎಂದು ತಿಳಿಯಬಹುದು. ಭಾರತದ ಕಲ್ಲುಗಳನ್ನು ಯುರೋಪಿನ ಕಲ್ಲುಗಳೊಂದಿಗೆ ಹೋಲಿಸುತ್ತಲೇ ಬದುಕು ಸವೆಸಿದ ವ್ಯಕ್ತಿಗೆ ಇದಕ್ಕಿಂತ ಒಪ್ಪುವ ಸ್ಮಾರಕ ಮತ್ತೊಂದಿಲ್ಲ. ತನ್ನ ಹೆಸರನ್ನು ತಾನೇ ಇಟ್ಟುಕೊಳ್ಳುವುದು ವಿಜ್ಞಾನದಲ್ಲಿ ಶೋಭೆಯಲ್ಲ. ಸ್ಟೊಲಿಚ್ಕಾ ಊರುಗಳ ಹೆಸರನ್ನು ಕಲ್ಲಿಗೆ ಕೊಟ್ಟರು, ಅವರ ಹೆಸರನ್ನು ಬೇರೊಬ್ಬರು ಕೊಟ್ಟರು.

ಒಂದು ಮಾತನ್ನು ಮರೆಯಬಾರದು. ಅರಿಯಲೂರಿನ ಹೊಲಗಳಲ್ಲಿ ಕಲ್ಲು ಆರಿಸಿದವರು, ಪೆಟ್ಟಿಗೆ ಹೊತ್ತವರು, ಹಿಮದಲ್ಲಿ ದಾರಿ ತೋರಿಸಿದ ಲಡಾಖಿನ ಕುದುರೆಯವರು ಇಲ್ಲದಿದ್ದರೆ ಈ ಗ್ರಂಥಗಳು ಆಗುತ್ತಿರಲಿಲ್ಲ. ಅವರ ಹೆಸರು ಯಾವ ಕಲ್ಲಿಗೂ ಇಲ್ಲ. ಅಂದಿನ ಆಡಳಿತ ಅವರನ್ನು ಲೆಕ್ಕಕ್ಕೆ ತೆಗೆದುಕೊಳ್ಳಲಿಲ್ಲ. ಅಂಥ ಮನೆಗಳ ಮಕ್ಕಳು ಇಂದು ಶಾಲೆ ಕಾಲೇಜುಗಳಲ್ಲಿ ಓದುತ್ತಿದ್ದಾರೆ. ಮುಂದಿನ ಹೆಸರುಗಳನ್ನು ಇಡುವವರು ಅವರಾಗಬೇಕು, ನೀವಾಗಬೇಕು.

ಅದಕ್ಕೆ ದೊಡ್ಡ ಪ್ರಯೋಗಾಲಯ ಬೇಕೆಂದೇನಿಲ್ಲ. ಮಸ್ಕಿಯ ಸುತ್ತ ಅಥವಾ ನಿಮ್ಮ ಹೊಲದ ಬದುವಿನಲ್ಲಿ ವಿಚಿತ್ರವಾದ ಕಲ್ಲು, ಹಳೆಯ ಮಡಿಕೆಯ ಚೂರು, ಕಲ್ಲಿನ ಆಯುಧ ಕಂಡರೆ ಅದನ್ನು ಕಿತ್ತು ಮನೆಗೆ ಒಯ್ಯಬೇಡಿ. ಯಾವ ಊರು, ಯಾವ ಹೊಲ, ಯಾವ ದಿನ, ಎಷ್ಟು ಆಳದಲ್ಲಿ ಎಂದು ನೋಟ್‌ಬುಕ್ಕಿನಲ್ಲಿ ಬರೆದುಕೊಂಡು ನಿಮ್ಮ ಶಿಕ್ಷಕರ ಮೂಲಕ ಪುರಾತತ್ವ ಇಲಾಖೆಗೆ ತಿಳಿಸಿ. ಊರಿನ ಹೆಸರಿಲ್ಲದ ಕಲ್ಲು ಬರೀ ಕಲ್ಲು. ಊರು, ದಿನಾಂಕ ಬರೆದ ಚೀಟಿ ಅದರ ಜೊತೆಗಿದ್ದರೆ ಅದು ಜ್ಞಾನ. ಸ್ಟೊಲಿಚ್ಕಾ ಅವರು ಜೀವನಪೂರ್ತಿ ಮಾಡಿದ್ದು ಆ ಚೀಟಿಯನ್ನು ಪ್ರಾಮಾಣಿಕವಾಗಿ ಬರೆಯುವ ಕೆಲಸವನ್ನೇ. ಗೊರೇಬಾಳದ ಹೆಸರೂ ಅಂಥದೊಂದು ಚೀಟಿಯ ಮೇಲೆ ಬರೆಯಲ್ಪಡಲಿ, ಅದನ್ನು ಬರೆಯುವ ಕೈ ನಿಮ್ಮದಾಗಲಿ ಎಂದು ಹಾರೈಸುತ್ತೇನೆ.